ಎರಡು ಟೈಮ್‌ಲೈನ್ ಮಧ್ಯೆ ಇರೋ ‘ಗಸಿ’: ಗೋಡೆ ದಾಟತ್ತೆ ಅಂದ್ರೆ ಬಾಟಲಿಲಿ ಹೆಂಗೆ ನಿಲ್ಲತ್ತೆ?

ಅರೆನಿದ್ದೆ:

ಎಲ್ಲರಿಗೂ ನಮಸ್ಕಾರ. ಒಂದು ಸೈನ್ಸ್ ಫಿಕ್ಷನ್ ಕಾದಂಬರಿ ಬರೀತಿದೀನಿ, ಬರೀತಿದೀನಿ ಅನ್ನೋದಕ್ಕಿಂತ ಒಂದು ವರ್ಷದಿಂದ ಮೂರನೇ ಅಧ್ಯಾಯದಲ್ಲಿ ಸಿಕ್ಕಾಕೊಂಡು ಒದ್ದಾಡ್ತಿದೀನಿ ಅಂದ್ರೆ ಸರಿ ಹೋಗತ್ತೆ.

ಐಡಿಯಾ ಇಷ್ಟು. ಕಾಲ ಕವಲೊಡೆಯತ್ತೆ, ಎರಡೂ ಕವಲು ತಮ್ಮ ಪಾಡಿಗೆ ತಾವು ಹೋಗ್ತವೆ, ಆದ್ರೆ ಒಡೆಯೋವಾಗ ನೀಟಾಗಿ ಒಡೆಯಲ್ಲ, ರಾಡಿ ನೀರು ತಿಳಿಯಾದ್ಮೇಲೂ ತಳದಲ್ಲಿ ಸ್ವಲ್ಪ ಗಸಿ ಉಳಿಯತ್ತಲ್ಲ ಹಂಗೆ ಎರಡೂ ಕಡೆಗೂ ಸೇರದೇ ಇರೋ ಏನೋ ಒಂದು ಉಳ್ಕೊಳತ್ತೆ. ಅದಕ್ಕೆ ಗಸಿ ಅಂತಾನೇ ಹೆಸರಿಟ್ಟಿದೀನಿ. ತ್ರಿಶಂಕು ಅಂತ ಇಡೋಣ ಅಂತಿದ್ದೆ, ತುಂಬಾ ಪುರಾಣ ಆಯ್ತು ಅನ್ಸಿ ಬಿಟ್ಟೆ. ನೋಡಕ್ಕೆ ಬೂದಿ ಬಣ್ಣದ ಮಂಜು, ಗೋಡೆಯೊಳಗಿಂದ ಸಲೀಸಾಗಿ ದಾಟಿ ಬರತ್ತೆ, ಹತ್ರ ಹೋದ್ರೆ ಆಗದೇ ಹೋದ ಘಟನೆಗಳ ಸದ್ದು ಕೇಳಿಸತ್ತೆ. ನಮ್ಮ ನಾಯಕಿ ಒಂದು ರಾತ್ರಿ ಬಂದ ಫೋನ್ ಎತ್ತಿರಲ್ಲ, ಆ ಫೋನ್ ಎತ್ತಿ ಮಾತಾಡ್ತಿರೋ ಅವಳದೇ ದನಿ ಅವಳಿಗೆ ಕೇಳತ್ತೆ, ಇದು ನನಗೆ ಬಹಳ ಇಷ್ಟವಾದ ಸೀನು. ಕೊನೇಲಿ ಆ ಗಸೀನ ಒಂದು ಬಾಟಲಿಗೆ ತುಂಬಿ ಮುಚ್ಚಳ ಹಾಕ್ತಾಳೆ.

ಓದಿದ ಗೆಳೆಯ ಒಂದೇ ಪ್ರಶ್ನೆ ಕೇಳ್ದ, ಗೋಡೆ ದಾಟೋದು ಬಾಟಲಿ ದಾಟಲ್ವಾ ಅಂತ. ಮೂರು ದಿನದಿಂದ ನಿದ್ದೆ ಇಲ್ಲ. ಗಸಿ ಹೆಂಗಾದ್ರೂ ಇರ್ಲಿ ಅದು ಕಲ್ಪನೆ ತಾನೇ ಅಂತ ಹೇಳ್ಬೇಡಿ ಪ್ಲೀಸ್, ಕಲ್ಪನೆಗೂ ಅದರದ್ದೇ ಒಂದು ಲೆಕ್ಕ ಇರ್ಬೇಕು ಅನ್ನೋದು ನನ್ನ ಹಠ. ಫಿಸಿಕ್ಸ್ ಗೊತ್ತಿರೋರು ಯಾರಾದ್ರೂ ದಾರಿ ತೋರ್ಸಿ.

ಮೂರನೇಬೆಂಚು:

ಫಿಸಿಕ್ಸ್ ಪಾಠ ಮಾಡೋದೇ ನನ್ನ ಕೆಲಸ, ಉದ್ದ ಆದ್ರೆ ಬೈಬೇಡಿ.

ನಿಮ್ಮ ಗೆಳೆಯ ಕೇಳಿದ್ದು ಸರಿಯಾಗೇ ಇದೆ, ಆದ್ರೆ ಅರ್ಧ ಮಾತ್ರ ಕೇಳಿದಾನೆ. ನೆಲದ ವಿಷಯ ಬಿಟ್ಬಿಟ್ಟ. ಗೋಡೆ ತಡೀದೇ ಇರೋದನ್ನ ನೆಲ ಯಾಕ್ರೀ ತಡಿಬೇಕು? ಗಸಿಗೆ ತೂಕ ಇದ್ದು ಯಾವುದಕ್ಕೂ ತಾಗದೇ ಇದ್ರೆ ಅದು ಮಂಜಿನ ಥರ ತೇಲ್ತಾ ನಿಲ್ಲಲ್ಲ, ನೆಲದೊಳಗೆ ಇಳಿದು ಭೂಮಿ ಮಧ್ಯ ದಾಟಿ ಸುಮಾರು 40 ನಿಮಿಷಕ್ಕೆ ಆ ಕಡೆ ಮೇಲೆ ಬಂದು ಮತ್ತೆ ವಾಪಸ್ ಬೀಳತ್ತೆ, ಹಿಂಗೇ ಉಯ್ಯಾಲೆ ಆಡ್ತಾ ಇರತ್ತೆ. ದೆವ್ವದ ಕಥೆಗಳಲ್ಲೆಲ್ಲ ಈ ತೊಂದ್ರೆ ಇದೆ, ಯಾರೂ ಬಾಯಿ ಬಿಡಲ್ಲ ಅಷ್ಟೆ.

ಕೈ ಗೋಡೆ ದಾಟಲ್ಲ ಯಾಕೆ ಅಂತ ಮೊದ್ಲು ನೋಡಿ. ಗೋಡೆ ಗಟ್ಟಿ ಅಂತಲ್ಲ, ಕೈಯಲ್ಲಿರೋ ಎಲೆಕ್ಟ್ರಾನ್‌ಗಳೂ ಗೋಡೆಯಲ್ಲಿರೋ ಎಲೆಕ್ಟ್ರಾನ್‌ಗಳೂ ಒಂದನ್ನೊಂದು ಒಳಗೆ ಬಿಟ್ಕೊಳಲ್ಲ, ಒಂದು ಕಡೆ ವಿದ್ಯುತ್ ಬಲ, ಇನ್ನೊಂದು ಕಡೆ ಒಂದೇ ಜಾಗ ಒಂದೇ ಸ್ಥಿತಿಯಲ್ಲಿ ಇಬ್ಬರು ಕೂರೋ ಹಾಗಿಲ್ಲ ಅನ್ನೋ ನಿಯಮ, ಪೌಲಿ ಅನ್ನೋ ವಿಜ್ಞಾನಿ 1925ರಲ್ಲಿ ಹೇಳಿದ್ದು. ಮಜಾ ಏನಂದ್ರೆ ಅದೇ ಪೌಲಿ 1930ರಲ್ಲಿ ಗೋಡೆಗೆ ಕ್ಯಾರೇ ಅನ್ನದ ಒಂದು ಕಣ ಇರಬಹುದು ಅಂತ ಹೇಳ್ದ, ಅದೇ ಈಗಿನ ನ್ಯೂಟ್ರಿನೋ. ಪತ್ತೆ ಹಚ್ಚೋಕೇ ಆಗದ ಕಣ ಹೇಳ್ಬಿಟ್ನಲ್ಲ ಅಂತ ತಾನೇ ಪೇಚಾಡ್ಕೊಂಡಿದ್ದ. 26 ವರ್ಷ ಆದ್ಮೇಲೆ, 1956ರಲ್ಲಿ, ರೈನ್ಸ್ ಮತ್ತೆ ಕೋವನ್ ಅನ್ನೋರು ಪರಮಾಣು ರಿಯಾಕ್ಟರ್ ಪಕ್ಕ ಉಪಕರಣ ಇಟ್ಟು ಹಿಡಿದ್ರು. ಈಗ ನೀವು ಇದನ್ನ ಓದ್ತಿರೋ ಹೊತ್ತಲ್ಲೇ ನಿಮ್ಮ ಉಗುರಿನಷ್ಟು ಜಾಗದಲ್ಲಿ ಸೆಕೆಂಡಿಗೆ ಸುಮಾರು 6,500 ಕೋಟಿ ನ್ಯೂಟ್ರಿನೋ ಸೂರ್ಯನಿಂದ ಬಂದು ದಾಟಿ ಹೋಗ್ತಿವೆ, ನಿಮಗೇನಾದ್ರೂ ಗೊತ್ತಾಯ್ತಾ? ಇಲ್ಲ. ಆದ್ರೂ ಅದು ಸಿಕ್ತು, ಯಾಕಂದ್ರೆ ಅದು ಅಪರೂಪಕ್ಕಾದ್ರೂ ಏನನ್ನೋ ಒಂದನ್ನ ತಾಗತ್ತೆ. ಏನನ್ನೂ ತಾಗದ ವಸ್ತು ಇದ್ರೂ ಒಂದೇ ಇಲ್ದಿದ್ರೂ ಒಂದೇ. ಹಂಗಾಗಿ ನೀವು ಮೊದ್ಲು ತೀರ್ಮಾನ ಮಾಡ್ಬೇಕಾಗಿರೋದು ಗಸಿ ಏನನ್ನ ತಾಗತ್ತೆ ಅನ್ನೋದು. ಒಂದೇ ಒಂದು ಇಟ್ಕೊಳಿ. ಈಗ ನಿಮ್ಮದು ಕಣ್ಣಿಗೆ ಕಾಣತ್ತೆ ಅಂದ್ರೆ ಬೆಳಕನ್ನ ತಾಗ್ತಿದೆ, ಸದ್ದು ಕೇಳತ್ತೆ ಅಂದ್ರೆ ಗಾಳೀನ ತಾಗ್ತಿದೆ, ಇಷ್ಟೆಲ್ಲ ತಾಗೋದು ಗೋಡೆಗೆ ಮಾತ್ರ ತಾಗಲ್ಲ ಅಂದ್ರೆ ನಂಬೋಕೆ ಕಷ್ಟ.

ಇನ್ನೊಂದು. ಟೈಮ್‌ಲೈನ್ ‘ಮಧ್ಯೆ’ ಅಂತೀರಲ್ಲ, ಆ ಮಧ್ಯೆ ಅನ್ನೋದು ಎಲ್ಲಿದೆ? 1957ರಲ್ಲಿ ಹ್ಯೂ ಎವರೆಟ್ ಅನ್ನೋ ಭೌತವಿಜ್ಞಾನಿ ತನ್ನ ಪಿಎಚ್‌ಡಿಯಲ್ಲಿ ಹೇಳಿದ ಲೆಕ್ಕ ಹಿಡ್ಕೊಂಡ್ರೆ ಕವಲುಗಳು ಪಕ್ಕ ಪಕ್ಕದ ರೂಮುಗಳಲ್ಲ, ಎಲ್ಲಾ ಇಲ್ಲೇ ಇವೆ, ಇದೇ ಜಾಗದಲ್ಲಿ. ಒಂದಕ್ಕೊಂದು ಕಾಣ್ಸಲ್ಲ ಯಾಕಂದ್ರೆ ಸುತ್ತಮುತ್ತಲಿನ ಗಾಳಿ ಬೆಳಕು ಶಾಖ ಎಲ್ಲಾ ಸೇರಿ ಅವುಗಳ ನಡುವಿನ ತಾಳಮೇಳ ಕೆಡಿಸಿಬಿಡತ್ತೆ, ಇದಕ್ಕೆ ಡಿಕೊಹೆರೆನ್ಸ್ ಅಂತಾರೆ, 1970ರಲ್ಲಿ ಡೀಟರ್ ತ್ಸೇ ಈ ಮಾತು ಶುರು ಮಾಡಿದ್ದು. ನಿಮಗೆ ಬೇಕಾಗಿರೋದು ಇಲ್ಲೇ ಇದೆ ನೋಡಿ. ಆ ತಾಳಮೇಳ ಲೆಕ್ಕದ ಪ್ರಕಾರ ಪೂರ್ತಿ ಸೊನ್ನೆ ಆಗಲ್ಲ, ಊಹೆ ಮಾಡೋಕಾಗದಷ್ಟು ಚಿಕ್ಕದಾಗಿ ಉಳ್ಕೊಳತ್ತೆ. ಸ್ಲೇಟಿನ ಮೇಲೆ ಬರೆದು ಒದ್ದೆ ಕೈಯಲ್ಲಿ ಒರೆಸಿದ್ರೆ ಒದ್ದೆ ಇರೋವರೆಗೂ ಕ್ಲೀನ್ ಕಾಣತ್ತೆ, ಒಣಗಿದ ಮೇಲೆ ಹಳೇ ಅಕ್ಷರ ಮಸಕಾಗಿ ಎದ್ದು ಬರತ್ತಲ್ಲ, ಅದು ನಿಮ್ಮ ಗಸಿ. ಹಂಗಾಗಿ ಮಂಜು ಗಿಂಜು ಬಿಡಿ, ಅದು ಎರಡರ ಮಧ್ಯೆ ತುಂಬಿರೋ ವಸ್ತು ಅಲ್ಲ, ಪೂರ್ತಿ ಬೇರೆ ಆಗದೇ ಉಳಿದಿದ್ದು.

ಕೊನೇದಾಗಿ ಒಂದು ಬೋನಸ್. ವಿಯೆನ್ನಾದಲ್ಲಿ 1999ರಲ್ಲಿ 60 ಕಾರ್ಬನ್ ಪರಮಾಣುಗಳ ಚೆಂಡಿನಂಥ ಮಾಲಿಕ್ಯೂಲ್ ಒಂದೇ ಹೊತ್ತಿಗೆ ಎರಡು ದಾರೀಲಿ ಹೋದಂಗೆ ಪಟ್ಟೆ ಪಟ್ಟೆ ಮೂಡಿಸ್ತು. 2004ರಲ್ಲಿ 70 ಕಾರ್ಬನ್ ಇರೋದನ್ನ ಲೇಸರ್‌ನಿಂದ ಕಾಯಿಸಿ ನೋಡಿದ್ರೆ ಕಾದಷ್ಟೂ ಆ ಪಟ್ಟೆ ಮಾಯ, ಯಾಕಂದ್ರೆ ಬಿಸಿ ಆದ ಮಾಲಿಕ್ಯೂಲು ಬೆಳಕು ಬಿಡತ್ತೆ, ಬೆಳಕು ಬಿಟ್ರೆ ತಾನು ಯಾವ ದಾರೀಲಿದೀನಿ ಅಂತ ಹೊರಗಡೆ ಹೇಳಿದಂಗೆ. ಅಂದ್ರೆ ಶಾಖ, ಬೆಳಕು, ಗಾಳಿ ಇಲ್ಲದ ಕಡೆ ಮಾತ್ರ ಎರಡು ಕವಲು ಜಾಸ್ತಿ ಹೊತ್ತು ಒಂದಕ್ಕೊಂದು ಅಂಟಿಕೊಂಡಿರತ್ವೆ. ದೆವ್ವ ಬಂದ್ರೆ ಚಳಿ ಆಗತ್ತೆ ಅಂತಾರಲ್ಲ, ಅದನ್ನ ಉಲ್ಟಾ ಮಾಡಿ: ಚಳಿ ಇದ್ರೆ, ಕತ್ತಲಿದ್ರೆ ಗಸಿ ಉಳಿಯತ್ತೆ, ದೀಪ ಹಚ್ಚಿದ್ರೆ ಹೋಯ್ತು.

ಕತ್ತಲೆಕೋಣೆ:

ಮೇಷ್ಟ್ರೇ ಚೆನ್ನಾಗಿ ಹೇಳಿದ್ರಿ, ಆದ್ರೆ ಕೊನೇ ಸಾಲು ಓದಿ ನಗು ಬಂತು. ‘ದೀಪ ಹಚ್ಚಿದ್ರೆ ಹೋಯ್ತು’ ಅನ್ನೋದು ಹಳೇ ಕಳ್ಳರ ಡೈಲಾಗು.

ದೆವ್ವದ ವಸ್ತು ಅಂತ ಜನ ನಿಜವಾಗ್ಲೂ ತೋರಿಸ್ತಿದ್ದ ಕಾಲ ಒಂದಿತ್ತು, ಎಕ್ಟೋಪ್ಲಾಸಂ ಅಂತ. ಸತ್ತವರ ಜೊತೆ ಮಾತಾಡಿಸ್ತೀವಿ ಅನ್ನೋ ಮೀಡಿಯಂಗಳ ಬಾಯಿ ಮೂಗಿಂದ ಬೆಳ್ಳಗೆ ಏನೋ ಹೊರಗೆ ಬರ್ತಿತ್ತು. ಆ ಹೆಸರು ಕೊಟ್ಟೋನು ಯಾವನೋ ಮಾಟಗಾರ ಅಂದ್ಕೊಂಡ್ರಾ, ಅಲ್ಲ, ಶಾರ್ಲ್ ರಿಶೆ ಅನ್ನೋ ಫ್ರೆಂಚ್ ಶರೀರಶಾಸ್ತ್ರಜ್ಞ, 1913ರಲ್ಲಿ ಅಲರ್ಜಿಯ ವಿಪರೀತ ರೂಪ ಅನಾಫಿಲಾಕ್ಸಿಸ್ ಬಗ್ಗೆ ಮಾಡಿದ ಕೆಲಸಕ್ಕೆ ನೊಬೆಲ್ ತಗೊಂಡೋನು. ಅಷ್ಟು ದೊಡ್ಡ ತಲೆ ಕೂಡ ಬಿದ್ದಿತ್ತು. ಕೋಣೆ ಕತ್ತಲಾಗಿರಬೇಕು, ಬೆಳಕು ಬಿದ್ರೆ ಎಕ್ಟೋಪ್ಲಾಸಂ ಕೆಡತ್ತೆ, ಮುಟ್ಟಿದ್ರೆ ಮೀಡಿಯಂ ಜೀವಕ್ಕೇ ಅಪಾಯ ಅಂತೆಲ್ಲ ರೂಲ್ಸು. 1931ರಲ್ಲಿ ಲಂಡನ್ನಲ್ಲಿ ಹ್ಯಾರಿ ಪ್ರೈಸ್ ಅನ್ನೋನು ಹೆಲೆನ್ ಡಂಕನ್ ಅನ್ನೋ ಹೆಂಗಸನ್ನ ಪರೀಕ್ಷೆ ಮಾಡಿ ಫೋಟೋ ತೆಗೆದು ನೋಡಿದ್ರೆ ಅದು ಸೋಸೋಕೆ ಬಳಸೋ ಜಾಳು ಬಟ್ಟೆ, ಮೊದ್ಲೇ ನುಂಗಿ ಆಮೇಲೆ ವಾಪಸ್ ಕಕ್ಕೋದು ಅಂತ ಅವನ ತೀರ್ಮಾನ.

ಇದನ್ನ ಯಾಕೆ ಹೇಳ್ದೆ ಅಂದ್ರೆ, ನಿಮ್ಮ ಕಥೇಲಿ ಗಸಿ ಬೆಳಕಿಗೆ ಸಾಯತ್ತೆ ಅಂದ ತಕ್ಷಣ ಓದೋನ ತಲೇಲಿ ಜಾಳು ಬಟ್ಟೆ ಬರತ್ತೆ. ಬರ್ಲಿ ಬಿಡಿ, ಅದನ್ನೇ ಉಪಯೋಗಿಸ್ಕೊಳಿ. ಇದೆಲ್ಲಾ ಹಳೇ ಆಟ ಕಣಮ್ಮ ಅಂತ ಅವಳಿಗೆ ಹೇಳೋ ಒಂದು ಪಾತ್ರ ಬೇಕು, ಮತ್ತೆ ಅವನು ದಡ್ಡ ಆಗಿರಬಾರದು, ಮುಕ್ಕಾಲು ಪುಸ್ತಕದವರೆಗೂ ಅವನು ಹೇಳೋದೇ ಸರಿ ಅನ್ಸಬೇಕು.

ಅರೆನಿದ್ದೆ:

ಮೂರನೇಬೆಂಚು ಸರ್, ಸ್ಲೇಟಿನ ಉದಾಹರಣೆ ಕದೀತೀನಿ, ಮೊದ್ಲೇ ಹೇಳ್ಬಿಟ್ಟೆ. ಕತ್ತಲೆಕೋಣೆ, ನನ್ನ ಕಥೇಲಿ ಅನುಮಾನದ ಪಾತ್ರಾನೇ ಇಲ್ಲ ಅಂತ ಈಗ ಗೊತ್ತಾಯ್ತು, ಎಲ್ಲರೂ ಗಸಿ ನೋಡಿದ ತಕ್ಷಣ ಬಾಯಿ ಬಿಟ್ಕೊಂಡು ನಂಬ್ತಾರೆ, ಥೂ. ಆದ್ರೆ ಗಸಿ ಏನನ್ನ ತಾಗತ್ತೆ ಅನ್ನೋದು ಹೊಳೀತಿಲ್ಲ. ನೆನಪನ್ನ ತಾಗತ್ತೆ ಅಂತ ಇಡ್ಲಾ?

ಕತ್ತಲೆಕೋಣೆ:

ನೆನಪು ಬೇಡ. ಎಲ್ಲರೂ ಅದನ್ನೇ ಇಡೋದು.

ತಕ್ಕಡಿ:

ನೋಡ್ರಿ, ನೀವೆಲ್ಲಾ ಗಸಿ ಕಣ್ಣಿಗೆ ಕಾಣ್ತೈತೋ ಇಲ್ಲೋ ಅಂತ ಬಡಿದಾಡಾಕತ್ತೀರಿ, ಕಾಣಿಸೋದೇ ಬ್ಯಾಡ ಬಿಡ್ರಿ. ತೂಗ್ರಿ ಅದನ್ನ. ತೂಕ ಐತಿ, ಬೆಳಕಿಗೆ ಸಿಗಂಗಿಲ್ಲ ಅನ್ನೋ ವಸ್ತು ಹೊಸಾದೇನಲ್ಲ, ಡಾರ್ಕ್ ಮ್ಯಾಟರ್ ಅಂತ ಹೇಳೋದೂ ಅದನ್ನೇ ಅಲ್ಲೇನು, ತ್ಸ್ವಿಕಿ ಅನ್ನೋ ಖಗೋಳ ವಿಜ್ಞಾನಿ 1933ರಾಗ ಗ್ಯಾಲಕ್ಸಿಗಳ ಗುಂಪು ನೋಡಿ ಕಾಣೋದಕ್ಕಿಂತ ತೂಕ ಬಾಳ ಐತಿ ಅಂದಿದ್ದ. ಆದ್ರ ನಿಮಗ ಅಷ್ಟು ದೂರ ಹೋಗೋದು ಬ್ಯಾಡ. ನಾ ತಕ್ಕಡಿ ರಿಪೇರಿ, ಕ್ಯಾಲಿಬ್ರೇಷನ್ ಮಾಡಾಂವ, ನನ್ನ ಕಸಬಿನಾಗಿನ ಒಂದು ದೆವ್ವದ ಕಥಿ ಹೇಳ್ತೀನಿ ಕೇಳ್ರಿ.

ಪ್ಲಾಟಿನಂ-ಇರಿಡಿಯಂದು ಒಂದು ಸಿಲಿಂಡರ್ ಮಾಡಿ 1889ರಾಗ ಇದೇ ಒಂದು ಕಿಲೋಗ್ರಾಂ ಅಂತ ಇಡೀ ಜಗತ್ತಿಗೆ ಇಟ್ರು. ಎತ್ತರ 39 ಮಿಲಿಮೀಟರ್, ವ್ಯಾಸನೂ ಅಷ್ಟೇ, ಅಂಗೈಯಾಗ ಕುಂದರತೈತಿ. ಪ್ಯಾರಿಸ್ ಹತ್ತಿರ ಸೆವ್ರ್‌ನಾಗ ತೂಕ-ಅಳತಿ ಬ್ಯೂರೋ ಐತೆಲ್ಲ, ಅಲ್ಲಿ ತಿಜೋರಿಯೊಳಗ ಒಂದರ ಮ್ಯಾಲೊಂದು ಮೂರು ಗಾಜಿನ ಗಂಟಿ ಮುಚ್ಚಿ ಇಟ್ಟಾರ, ತಿಜೋರಿ ತೆಗೀಬೇಕಂದ್ರ ಮೂರು ಕೀಲಿ ಬೇಕು. ಅದರ ಸಂಗಾಟ ಅದೇ ಲೋಹದ ನಕಲುಗಳನ್ನೂ ಮಾಡಿ ದೇಶ ದೇಶಕ್ಕ ಹಂಚಿದ್ರು. ನೂರು ವರ್ಷದಾಗ ಮೂಲಾನ ಹೊರಗ ತೆಗೆದದ್ದು ಬೆರಳ ಎಣಿಕಿ ಸಲ. 1988ರಿಂದ 1992ರ ತನಕ ದೇಶ ದೇಶದ ನಕಲು ತಂದು ಮೂಲದ ಜೋಡಿ ತೂಗಿದ್ರ, ಏನಾಗಿತ್ತು ಗೊತ್ತೇನ್ರಿ, ಬಾಳ ನಕಲುಗಳು ಮೂಲಕ್ಕಿಂತ ಭಾರ ಆಗಿದ್ದವು. ಸುಮಾರು 50 ಮೈಕ್ರೋಗ್ರಾಂ, ಅಂದ್ರ ಎರಡು ಕೋಟಿಯೊಳಗ ಒಂದು ಪಾಲು, ಒಂದು ಬೆರಳಚ್ಚಿನಷ್ಟು. ಯಾಕ ಅಂತ ಇವತ್ತಿಗೂ ಖಾತ್ರಿ ಹೇಳಿದವರಿಲ್ಲ. ಧೂಳು, ಪಾದರಸದ ಆವಿ, ತೊಳೆಯೋದರಾಗ ಸವೆದದ್ದು ಅಂತ ಒಬ್ಬೊಬ್ರು ಒಂದೊಂದು ಅಂತಾರ.

ಗಸಿ ಅನ್ರಿ ನೀವು! ಆಗದ ಹೋದ ನೂರು ವರ್ಷದ ಗಸಿ ಲೋಹದ ಮ್ಯಾಲೆ ಕುಂತೈತಿ. ಮತ್ತ ತೊಳೆಯೋದು ಹೆಂಗಂದ್ರ, ಈಥರ್ ಮತ್ತ ಆಲ್ಕೋಹಾಲ್ ಬೆರೆಸಿ ಮೆತ್ತನ್ನ ತೊಗಲಿಗೆ ಹಚ್ಚಿ ಕೈಯಿಂದ ತಿಕ್ಕತಾರ, ಆಮ್ಯಾಲೆ ಶುದ್ಧ ನೀರಿನ ಹಬಿ ಹಿಡೀತಾರ. ನಿಮ್ಮ ನಾಯಕಿ ಆ ತೊಳೆಯೋ ಕೆಲಸದಾಕಿ ಆಗಲಿ.

ಮೂರನೇಬೆಂಚು:

ತಕ್ಕಡಿಯವರೇ ಕೈ ಮುಗಿದೆ. ಈಥರ್ ಅಂತ ಕೇಳಿ ರೋಮಾಂಚನ ಆಯ್ತು, ಬೆಳಕು ಹರಿಯೋಕೆ ಜಗತ್ತೆಲ್ಲಾ ಈಥರ್ ತುಂಬಿದೆ ಅಂತ ನಂಬಿದ್ದ ಕಾಲ ಒಂದು, 1887ರಲ್ಲಿ ಮೈಕೆಲ್ಸನ್-ಮಾರ್ಲಿ ಹುಡುಕಿದ್ರೂ ಅದರ ಸುಳಿವೇ ಸಿಗ್ಲಿಲ್ಲ. ಅದಾದ ಎರಡೇ ವರ್ಷಕ್ಕೆ ಈ ಸಿಲಿಂಡರು, ಇದನ್ನ ತೊಳೆಯೋಕೆ ಇನ್ನೊಂದು ಈಥರು, ಹೆಸರು ಒಂದೇ ವಸ್ತು ಬೇರೆ.

ಅರೆನಿದ್ದೆ, ಪ್ಲಾಟಿನಂ ಹಿಡ್ಕೊಳಿ. ಅದರ ಮೇಲ್ಮೈಗೆ ಹೈಡ್ರೋಜನ್ ಗಿಡ್ರೋಜನ್ ಬಂದು ಅಂಟ್ಕೊಳೋದು ನಿಜವಾಗ್ಲೂ ಇದೆ, ವಾಹನದ ಹೊಗೆ ಶುದ್ಧ ಮಾಡೋ ಕ್ಯಾಟಲಿಸ್ಟ್‌ಗಳಲ್ಲಿ ಅದನ್ನ ಹಾಕೋದೇ ಮೇಲ್ಮೈಲಿ ಅಂಟಿಸ್ಕೊಳೋ ಈ ಚಟಕ್ಕೆ. ಗಸಿ ಪ್ಲಾಟಿನಂ ಒಂದನ್ನೇ ತಾಗತ್ತೆ ಅಂತ ಇಡಿ. ಮಿಕ್ಕಿದ್ದೆಲ್ಲಾ ನೆಲದೊಳಗೆ ಬಿದ್ದು ಉಯ್ಯಾಲೆ ಆಡ್ಲಿ, ಪ್ಲಾಟಿನಂಗೆ ಸಿಕ್ಕಿದ್ದು ಮಾತ್ರ ನಮ್ಮ ಕಡೆ ಉಳಿಯತ್ತೆ. ಗೋಡೆ ನೆಲ ಬಾಟಲಿ ಮೂರೂ ಒಂದೇ ಏಟಿಗೆ ಪರಿಹಾರ. ಬಾಟಲಿ ಬದಲು ಕೆಮಿಸ್ಟ್ರಿ ಲ್ಯಾಬಲ್ಲಿ ಇರೋ ಪ್ಲಾಟಿನಂ ಮೂಸೆ ಇಟ್ರಾಯ್ತು. ತಿಜೋರೀಲಿ ಕತ್ತಲೂ ಇದೆ.

ಅರೆನಿದ್ದೆ:

ಅಯ್ಯೋ ದೇವ್ರೇ, ಇದು ನಾನು ಒಂದು ವರ್ಷದಲ್ಲಿ ಯೋಚ್ನೆ ಮಾಡಿದ್ದಕ್ಕಿಂತ ಜಾಸ್ತಿ ಇದೆ. ಬಾಟಲಿ ಹೋಗಿದ್ದು ಸ್ವಲ್ಪ ಹೊಟ್ಟೆ ಉರಿತಿದೆ, ಬಾಟಲಿ ಅಂದ್ರೆ ಒಳಗಡೆ ಕಾಣತ್ತಲ್ವಾ, ಪರವಾಗಿಲ್ಲ. ಈಗ ಹಿಂಗೆ ಅಂದ್ಕೊಂಡಿದೀನಿ: ಮೂಲ ಸಿಲಿಂಡರ್ ತಿಜೋರೀಲೇ ಸುಮ್ನೆ ಕೂತಿತ್ತು, ಅದಕ್ಕೆ ಅದರ ಮೇಲೆ ಗಸಿ ಕಮ್ಮಿ. ನಕಲುಗಳು ದೇಶ ದೇಶ ಸುತ್ತಿದ್ವು, ಜನರ ಮಧ್ಯೆ ಇದ್ವು, ಸುತ್ತಮುತ್ತ ಜಾಸ್ತಿ ತೀರ್ಮಾನ ಆದ್ವು, ಜಾಸ್ತಿ ಕವಲು, ಜಾಸ್ತಿ ಗಸಿ. ಯಾವ ದೇಶದ ನಕಲು ಎಷ್ಟು ಭಾರ ಆಗಿದೆ ಅಂತ ನೋಡಿದ್ರೆ ಆ ದೇಶ ಎಷ್ಟು ದಾರಿ ಕಳ್ಕೊಂಡಿದೆ ಅಂತ ಗೊತ್ತಾಗತ್ತೆ. ಹೆಂಗಿದೆ?

ಸುಮ್ನೆಓದ್ತೀನಿ:

ಸಾಮಾನ್ಯವಾಗಿ ಬರೆಯಲ್ಲ ನಾನು, ಓದ್ಕೊಂಡ್ ಹೋಗ್ತೀನಿ ಅಷ್ಟೆ. ಆದ್ರೆ ಇದು ತಪ್ಪಾಗತ್ತೆ. ಎಲ್ಲಾ ನಕಲುಗಳೂ ಊರೂರು ಸುತ್ತಿಲ್ಲ, ಕೆಲವು ಅಧಿಕೃತ ನಕಲುಗಳನ್ನ ಅದೇ ತಿಜೋರೀಲಿ ಮೂಲದ ಪಕ್ಕದಲ್ಲೇ ಇಟ್ಟಿದ್ರು, ಅವು ಎಲ್ಲಿಗೂ ಹೋಗಿಲ್ಲ, ಅವುಗಳ ತೂಕಾನೂ ಮೂಲದಿಂದ ದೂರ ಸರಿದಿತ್ತು.

ಮತ್ತೆ ಇನ್ನೊಂದು ವಿಷಯ, ನಕಲು ಭಾರ ಆಯ್ತು ಅಂತ ಹೇಳ್ತಿದೀರಲ್ಲ, ಮೂಲ ಹಗುರ ಆಗಿರಬಾರದು ಅಂತ ಏನಿದೆ? ತೂಗಿದ್ರೆ ವ್ಯತ್ಯಾಸ ಮಾತ್ರ ಗೊತ್ತಾಗತ್ತೆ, ಯಾರು ಬದಲಾದ್ರು ಅಂತ ಗೊತ್ತಾಗಲ್ಲ. ಮೂಲ ಅಂತೂ ಬದಲಾಗೋ ಹಾಗೇ ಇಲ್ಲ, ಯಾಕಂದ್ರೆ ಕಿಲೋಗ್ರಾಂ ಅಂದ್ರೆ ಅದೇ. ಅದರ ಒಂದು ಚೂರು ಒಡೆದು ಬಿದ್ರೂ ಕಾನೂನು ಪ್ರಕಾರ ಅದು ಒಂದು ಕೆಜಿನೇ, ಮಿಕ್ಕ ಬ್ರಹ್ಮಾಂಡ ಎಲ್ಲಾ ಅಷ್ಟು ಭಾರ ಆಯ್ತು ಅಂತ ಲೆಕ್ಕ.

ಟೈಮ್‌ಲೈನ್ ವಿಷಯಾನೂ ಹಂಗೇ ಅಲ್ವಾ? ನಮ್ಮದೇ ಅಸಲಿ, ಬೇರೆದೆಲ್ಲಾ ಕವಲು ಅಂತ ಪ್ರತಿಯೊಂದು ಕವಲಲ್ಲಿರೋರೂ ಅಂದ್ಕೊಂಡಿರ್ತಾರೆ. ಗಸಿ ಯಾರದ್ದು, ನಕಲಿನದ್ದಾ ಮೂಲದ್ದಾ?

ಕತ್ತಲೆಕೋಣೆ:

ಸುಮ್ನೆಓದ್ತೀನಿ ಅವರೇ, ನೀವು ಸುಮ್ನೆ ಓದ್ಬೇಡಿ, ಬರೀರಿ.

ತಕ್ಕಡಿ:

ಖರೇ ಮಾತು. ನಮ್ಮ ಕಸಬಿನಾಗ ಇದರ ಮ್ಯಾಲೆ ಬಾಳ ನಗಿ ಆಡ್ತಿದ್ವಿ, ತಪ್ಪು ಮಾಡಾಕ ಬರದ ಒಂದೇ ಒಂದು ಲೋಹದ ತುಂಡು ಅಂತ. ಆದ್ರ 2019ರ ಮೇ 20ಕ್ಕ ಅದರ ಪಟ್ಟ ಇಳೀತ್ರಿ. ಅವತ್ತಿನಿಂದ ಕಿಲೋಗ್ರಾಂ ಯಾವ ವಸ್ತುವಿನ ಮ್ಯಾಲೂ ನಿಂತಿಲ್ಲ, ಪ್ಲ್ಯಾಂಕ್ ಸ್ಥಿರಾಂಕ ಅನ್ನೋ, ಎಲ್ಲೂ ಬದಲಾಗದ ಒಂದು ಸಂಖ್ಯೆ ಮ್ಯಾಲೆ ನಿಂತೈತಿ. ಸಿಲಿಂಡರ್ ಇನ್ನೂ ಅಲ್ಲೇ ಐತಿ, ಮೂರು ಗಂಟಿ ಒಳಗೇ, ಆದ್ರ ಈಗ ಅದು ಬರೇ ಒಂದು ಲೋಹ. ಅದನ್ನೂ ತೂಗಬಹುದು, ಅದೂ ತಪ್ಪಿರಬಹುದು.

ಅರೆನಿದ್ದೆ:

ಸುಮಾರು ಹೊತ್ತು ಏನೂ ಬರೆಯಕ್ಕಾಗ್ಲಿಲ್ಲ, ಈಗ ಬರೀತಿದೀನಿ.

ಹಂಗಾದ್ರೆ ಕಥೆ ಆ ದಿನದಿಂದ ಶುರು, 2019ರ ಮೇ 20. 130 ವರ್ಷ ತಪ್ಪು ಮಾಡೋಕೆ ಅವಕಾಶವೇ ಇಲ್ಲದಿದ್ದ ವಸ್ತು ಮೊದಲ ಸಲ, ತಾನೂ ತಪ್ಪಿರಬಹುದು ಅಂತ, ತಕ್ಕಡಿ ಮೇಲೆ ಕೂರತ್ತೆ. ಅವಳು ಅಲ್ಲಿ ತೊಳೆಯೋ ಕೆಲಸದಲ್ಲಿರ್ತಾಳೆ, ಅಷ್ಟು ವರ್ಷ ನಕಲುಗಳ ಮೇಲಿದ್ದಿದ್ದನ್ನ ಕೊಳೆ ಅಂದ್ಕೊಂಡು ಒರೆಸ್ತಾ ಬಂದಿರ್ತಾಳೆ, ತೂಗಿ ನೋಡಿದ್ರೆ ನಕಲುಗಳು ಸರಿ ಇರ್ತವೆ, ಕಮ್ಮಿ ಆಗಿರೋದು ಮೂಲ. ಅಂದ್ರೆ ನಮ್ಮ ಕವಲಿಂದಾನೇ ಏನೋ ಸೋರಿ ಹೋಗಿದೆ, 50 ಮೈಕ್ರೋಗ್ರಾಂ, ಬೇರೆಯವರ ಕಡೆ ಗಸಿ ಆಗಿ ನಿಂತಿರೋದು ನಾವು. ಅನುಮಾನದ ಪಾತ್ರ ಅವಳ ಮೇಲಧಿಕಾರಿ, ಅದು ತೊಳೆದು ತೊಳೆದು ಸವೆದಿದೆ ಅಷ್ಟೆ, ತಿಕ್ಕಿದ್ದು ನೀನೇ ತಾನೇ ಅಂತಾನೆ, ಅದನ್ನ ಸುಳ್ಳು ಅನ್ನೋಕೆ ಅವಳ ಹತ್ರ ಏನೂ ಇರಲ್ಲ.

ಬೂದಿ ಮಂಜು ಕಿತ್ತಾಕಿದೆ. ಬಾಟಲೀನೂ.

ಮೂರನೇಬೆಂಚು:

ಫೋನ್ ಸೀನು? ಗಸಿ ಗಾಳೀನ ತಾಗಲ್ಲ ಈಗ, ದನಿ ಹೆಂಗೆ ಕೇಳತ್ತೆ?

ಅರೆನಿದ್ದೆ:

ಕೇಳಲ್ಲ ಸರ್. ಅವತ್ತು ರಾತ್ರಿ ಮತ್ತೆ ಫೋನ್ ಬರತ್ತೆ, ಈ ಸಲ ಎತ್ತುತಾಳೆ, ಆ ಕಡೆಯಿಂದ ಯಾರೂ ಮಾತಾಡಲ್ಲ, ಇವಳು ಮಾತ್ರ ಮಾತಾಡ್ತಾ ಹೋಗ್ತಾಳೆ. ಇವಳ ದನೀನ ಕೇಳಿಸ್ಕೊಂಡ್ರೆ ಆ ಕಡೆಯವರೇ ಕೇಳಿಸ್ಕೊಬೇಕು.